ಬಟ್ಟಲಿನ ಅಡಿಯ ಹೆಸರು

೭ ಸೆಪ್ಟೆಂಬರ್ ೨೦೧೪, ಭಾನುವಾರ

ನನ್ನ ಮುಖಕ್ಕೆ ನಾನೇ ಉಗಿದುಕೊಳ್ಳಬೇಕು.

ಪಕ್ಕದ ಫ್ಲ್ಯಾಟಿನ ಹಿರೋಕೊ ಆಂಟಿ ಜಪಾನ್ ಬಿಟ್ಟು ಬಂದು ಮೂವತ್ತು ವರ್ಷದಿಂದ ಇಲ್ಲೇ ಜುರಾಂಗ್ ವೆಸ್ಟ್‌ನಲ್ಲಿ ಪಿಂಗಾಣಿ ಮೇಲೆ ಚಿತ್ರ ಬರೀತಾರೆ. ನನಗೇ ಅಂತ ಮಲ್ಲಿಗೆ ಬರೆದುಕೊಟ್ಟ ಬಟ್ಟಲನ್ನ, ವರಮಹಾಲಕ್ಷ್ಮಿ ಹಬ್ಬದಲ್ಲಿ ಬ್ಲೌಸ್ ಪೀಸ್ ದಾಟಿಸೋ ಹಾಗೆ, ತಾಂಬೂಲದ ಜೊತೆ ಗೆಳತಿ ಪದ್ಮಜಾಗೆ ದಾಟಿಸಿದ್ದೆ.

ಇವತ್ತು ಪದ್ಮಜಾ ಮನೆ ಊಟಕ್ಕೆ ಆಂಟಿಯನ್ನ ನಾನೇ ಕರ್ಕೊಂಡು ಹೋದೆ. ಅವಳು ಕೋಸಂಬರಿ ತಂದಿಟ್ಟಿದ್ದು ಅದೇ ಬಟ್ಟಲಲ್ಲಿ! ಆಂಟಿ ತಿಂದು ಮುಗಿಸಿ, ಬಟ್ಟಲನ್ನ ತಾವೇ ತೊಳೆದು ಬೋರಲು ಹಾಕಿದರು. ಅಡಿಯಲ್ಲಿ ನೀಲಿ ಬಣ್ಣದಲ್ಲಿ, ಪುಟ್ಟ ಕನ್ನಡ ಅಕ್ಷರದಲ್ಲಿ ನನ್ನ ಹೆಸರು, ‘ವಸುಧಾ’. ಜುಲೈನಲ್ಲಿ ಆಂಟಿ ನನ್ನ ಕೈಲಿ ಚೀಟಿ ಮೇಲೆ ಹೆಸರು ಬರೆಸಿಕೊಂಡಿದ್ದು ಇದಕ್ಕಾ? ನಾನು ಒಂದು ಸಲವೂ ತಿರುಗಿಸಿ ನೋಡಿರಲಿಲ್ಲ.

ವಾಪಸ್ ಬರುವಾಗ ಎಂಆರ್‌ಟಿ ರೈಲಿನಲ್ಲಿ ಮೆಲ್ಲಗೆ ಕೇಳಿದರು, “ಮಲ್ಲಿಗೆ ಸರಿಯಾಗಿ ಬಂದಿರಲಿಲ್ಲವಾ?”

ಹೂಂ, ಬಂದಿರಲಿಲ್ಲ ಅಂದುಬಿಟ್ಟೆ.