ಶನಿವಾರ ಸುಡಲಿರುವ ಅಡುಗೆಮನೆ

ಬುಡಾಪೆಸ್ಟ್, 1921

ಅಮ್ಮಾ, ನಿನ್ನ ಕೈಗೊಂದು ಮುತ್ತು.

ಸಿನಿಮಾದ ಸುಲ್ತಾನರಿಗೆಲ್ಲ ಅರಮನೆ ಕಟ್ಟಿಕೊಟ್ಟ ನಿನ್ನ ಮಹಾಶಿಲ್ಪಿ ಮಗ, ಗಡಿ ಸರಿದು ಪರದೇಶದ ಪಾಲಾದ, ನಾವು ಬಿಟ್ಟುಬಂದ ಕೊಲೊಝ್‌ವಾರ್ ಊರಿನ ನಮ್ಮ ಅಡುಗೆಮನೆಯನ್ನು ಸ್ಟುಡಿಯೋ ಬಯಲಿನಲ್ಲಿ ಹಲಗೆ, ಬಟ್ಟೆಗಳಿಂದ ಮತ್ತೆ ಎಬ್ಬಿಸಿದ್ದಾನೆ. ಶನಿವಾರ ಮಧ್ಯಾಹ್ನ ಬೆಂಕಿಯ ದೃಶ್ಯಕ್ಕಾಗಿ ಅದನ್ನು ಸುಡುತ್ತಾರೆ.

ಒಣಮೆಣಸಿನಕಾಯಿ ಸರ ಒಲೆಯ ಪಕ್ಕ ತೂಗುತ್ತಿತ್ತೋ, ಕಿಟಕಿಯ ಪಕ್ಕವೋ? ಆಚೆ ಕಟ್ಟಿ ಈಚೆ ಕಟ್ಟಿ ನಿದ್ದೆಗೆಟ್ಟಿದ್ದೇನೆ.

"ಸುಟ್ಟುಹೋಗೋ ಮನೆಗೆ ಏನಯ್ಯಾ ಇಷ್ಟು ಸಿಂಗಾರ? ಹೆಣ್ಣು ನೋಡೋಕೆ ಬರ್ತಾರಾ?" ಎಂದು ನಿರ್ದೇಶಕರು ಕೆಣಕಿದರು.

"ನಮ್ಮಮ್ಮ ಬರ್ತಾಳೆ ಸ್ವಾಮಿ, ಅದಕ್ಕಿಂತ ಕಷ್ಟ" ಎಂದೆ.

ಆದ್ದರಿಂದ ಶನಿವಾರ ಬೆಳಗಿನ ರೈಲಿಗೇ ಬಾ. ಕೋಟು ಮರೆಯಬೇಡ, ಮೇಲೆ ಸೂರಿಲ್ಲ. ಹಿತ್ತಿಲ ಬಾಗಿಲನ್ನು ಮಾತ್ರ ತೆರೆಯಬೇಡ, ಅದರ ಹಿಂದೆ ನಮ್ಮ ಹಿತ್ತಿಲಿಲ್ಲ. ಒಲೆಯ ಮುಂದೆ ನಿನ್ನ ಜಾಗದಲ್ಲಿ ಕೂತು, ಏನೇನು ತಪ್ಪಿದೆಯೋ ಎಲ್ಲಕ್ಕೂ ಬೈದುಬಿಡು. ಸುಡುವುದರೊಳಗೆ ಸರಿಮಾಡಿಬಿಡುತ್ತೇನೆ.

ನಿನ್ನ
ಬೆನೆಡೆಕ್