ಮೇಷ್ಟ್ರ ಮಾತಿಗೆ ಹೂಂ ಅಂದದ್ದು

ನವೆಂಬರ್ 5, ಸೋಮವಾರ
ಎಂದಿನಂತೆ ನಾಲ್ಕಕ್ಕೆ ಮೇಷ್ಟ್ರ ಮನೆ. ಜೆರುಸಲೇಮಿನಲ್ಲಿ ಚಳಿ ಶುರು. ಅವರ ಹಾರ್ಟ್ ಆಪರೇಷನ್ ಆದಮೇಲೆ ಮೊದಲ ಓದು. ಓದು ಎಂದರೆ ಜಗಳ — ಪುಟ ಒಂದು, ಜನ ಇಬ್ಬರು, ಒಬ್ಬರು ಕಟ್ಟಿದ್ದನ್ನು ಇನ್ನೊಬ್ಬರು ಕೆಡವಬೇಕು. ನಾವು ಯಹೂದಿಗಳು ಓದುವುದೇ ಹೀಗೆ. ಅವರ ಕೈಕೆಳಗೆ ಪಿಎಚ್‌ಡಿಗೆ ಸೇರಿದಾಗಿನಿಂದ ಕೆಡವುತ್ತಲೇ ಬಂದಿದ್ದೇನೆ.

ಬಾಗಿಲಲ್ಲೇ ಅವರ ಹೆಂಡತಿ ಬತ್ಯಾ ತಡೆದರು. "ನೋಡೇ ಹೆಮ್ದಾ, ಡಾಕ್ಟ್ರು ಉದ್ವೇಗ ಆಗ್ಬಾರ್ದು ಅಂದಿದಾರೆ. ಬಾಯಿಗೆ ಬೀಗ ಹಾಕ್ಕೋ."

ಮೇಷ್ಟ್ರು ತಮ್ಮ ಪುಸ್ತಕದ ಕೊನೆಯ ಅಧ್ಯಾಯ ಓದಿದರು. ಇನ್ನೂರು ವರ್ಷದ ಹಿಂದೆ ಬರ್ಲಿನ್ನಿನ ಯಹೂದಿಗಳು, ನಾಗರಿಕರಾಗುವ ಆಸೆಗೆ, ದೇವರನ್ನು ಪ್ರಾರ್ಥನಾಮಂದಿರದಲ್ಲೇ ಬಿಟ್ಟು ಬಂದರಂತೆ. ಬಿಡಲಿಲ್ಲ, ಅಡುಗೆಮನೆಗೆ ಕರೆತಂದರು ಎಂಬುದು ನನ್ನ ವಾದ. ನುಂಗಿಕೊಂಡೆ. "ನೀವು ಹೇಳೋದೇ ಸರಿ, ಮೇಷ್ಟ್ರೇ."

ಕನ್ನಡಕ ತೆಗೆದು ನನ್ನನ್ನೇ ನೋಡಿದರು. ಚಹಾ ಮುಟ್ಟಲಿಲ್ಲ.

ನವೆಂಬರ್ 12
ಇವತ್ತೂ ಹೂಂ ಅಂದೆ. ಬೇಕೆಂದೇ ತಪ್ಪು ಇಸವಿ ಹೇಳಿದರು. ಅದಕ್ಕೂ ಹೂಂ. ಹಾಳೆಗಳನ್ನು ಪಕ್ಕಕ್ಕಿಟ್ಟರು. "ಸುಸ್ತು. ಮುಂದಿನ ವಾರ ಬರಬೇಡ."

ಬಸ್ಸಿನಲ್ಲಿ ಅತ್ತುಬಿಟ್ಟೆ. ಈ ಮುದುಕರೆಂದರೆ ನನಗೆ ಹೆತ್ತಪ್ಪನಿಗಿಂತ ಹೆಚ್ಚು. ಅದಕ್ಕೇ ತಾನೇ ಸುಮ್ಮನಿದ್ದದ್ದು...

ನವೆಂಬರ್ 22, ಗುರುವಾರ
ಬೆಳಿಗ್ಗೆ ಬತ್ಯಾ ಫೋನ್. "ಸರಿಯಾಗಿ ಊಟಾನೇ ಮಾಡ್ತಿಲ್ಲ ಕಣೇ. ಪುಸ್ತಕ ಮುಗಿಸಲ್ವಂತೆ. 'ಹೆಮ್ದಾನೇ ಒಪ್ಕೊಂಡ್ಲು ಅಂದ್ಮೇಲೆ ನಾನು ಸಾಯೋದು ಗ್ಯಾರಂಟಿ' ಅಂತಾರೆ. ಆ ಡಾಕ್ಟ್ರು ಹಾಳಾಗ್ಲಿ. ಬಂದು ಜಗಳ ಆಡು."

ಟ್ಯಾಕ್ಸಿ ಹಿಡಿದೆ. ಕೋಟೂ ಬಿಚ್ಚಲಿಲ್ಲ.

"ಆ ಅಧ್ಯಾಯ ತಪ್ಪು, ಮೇಷ್ಟ್ರೇ. ಮೊದಲನೇ ಸಾಲಿಂದಲೇ ತಪ್ಪು. ಬರೀ ಗಂಡಸರ ಭಾಷಣ ಓದಿದೀರಿ. ಮನೇಲಿ ಹೆಂಗಸರು ಮಕ್ಕಳಿಗೆ ಹೇಳ್ಕೊಟ್ಟ ಪ್ರಾರ್ಥನೆ ಎಲ್ಲಿ?"

"ಇಷ್ಟು ದಿನ ಬಾಯಲ್ಲಿ ಕಡುಬು ಇಟ್ಕೊಂಡಿದ್ಯಾ?"

"ನಿಮ್ಮ ಹಾರ್ಟು..."

"ಹಾರ್ಟೂ ನಂದು, ಪುಸ್ತಕಾನೂ ನಂದು. ಎರಡಕ್ಕೂ ನಿನ್ನ ಕರುಣೆ ಬೇಡ. ಕೂತ್ಕೋ. ಬತ್ಯಾ, ಸೂಪ್ ತಾರೇ, ಖಾಲಿ ಹೊಟ್ಟೇಲಿ ಇವಳ ಹತ್ರ ಜಗಳ ಆಡೋಕಾಗಲ್ಲ."

ಎರಡು ಬಟ್ಟಲು ಕುಡಿದರು. ನನ್ನನ್ನು ಕತ್ತೆ ಎಂದರು. ಎಷ್ಟು ಖುಷಿಯಾಯಿತೆಂದರೆ, ಮನೆಗೆ ನಡೆದೇ ಬಂದೆ.

ನವೆಂಬರ್ 23, ಶುಕ್ರವಾರ, ಸಂಜೆಗೆ ಮುಂಚೆ
ಸಬ್ಬತ್ತಿನ ಅಡುಗೆ ಮುಗಿಸುವಷ್ಟರಲ್ಲಿ ಮೇಷ್ಟ್ರ ಫೋನ್. "ನಿನ್ನ ವಾದದಲ್ಲಿ ಮೂರು ತೂತಿವೆ." ಎರಡು ಹೇಳಿದರು. ಎರಡೂ ದೊಡ್ಡ ತೂತೇ. ಮೂರನೆಯದು? "ನಾಳೆ ಊಟಕ್ಕೆ ಬಾ. ಎದುರಿಗೇ ಹೇಳ್ತೀನಿ."

ಮೂರನೆಯದು ಇಲ್ಲವೇ ಇಲ್ಲ. ಇವರ ಆಟ ನನಗೆ ಗೊತ್ತಿಲ್ಲವೇ... ಸಬ್ಬತ್ತಿನ ವಿಶ್ರಾಂತಿ, ನಾಳೆ ಬಸ್ಸಿಲ್ಲ, ಊರಿನ ಆ ತುದಿಗೆ ಕಾಲ್ನಡಿಗೆ. ಹೋಗುತ್ತೇನೆ.

ಮೊದಲೆರಡಕ್ಕೆ ಉತ್ತರ ಹೊಳೆದಿದೆ. ಈಗಲೇ ಬರೆದಿಡಬೇಕು — ಸಬ್ಬತ್ತಿನ ಸೈರನ್ ಕೂಗಿದರೆ ನಾಳೆ ಕತ್ತಲಾಗುವ ತನಕ ಪೆನ್ನು ಮುಟ್ಟುವಂತಿಲ್ಲ. ಮೊದಲನೆಯದಕ್ಕೆ: ಇಲ್ಲ ಮೇಷ್ಟ್ರೇ, ಖಂಡಿತ ಇಲ್ಲ, ಯಾಕೆಂದರೆ