ಮೂರು ದೇಶ, ಒಂದು ಬಕೆಟ್

ಸಯನ್, ಮುಂಬೈ, ೧೧ ಜೂನ್ ೨೦೨೪, ಮಂಗಳವಾರ

ಇವತ್ತು ಚಟ್ನಿಯಿಲ್ಲದೆ ದೋಸೆ ತಿಂದೆ. ಕಾರಣ ಅಂತರರಾಷ್ಟ್ರೀಯ. ಆಫ್ರಿಕದ ಮೂರು ದೇಶಗಳ ನಡುವಿನ ಒಂದು ಮಹಾಸರೋವರದ ಬಗ್ಗೆ ನಮ್ಮ ಊಟದ ಮೇಜಿನ ಮೇಲೆ ವಿಡಿಯೊ ಮೀಟಿಂಗ್ ಇತ್ತು. ಮಿಕ್ಸರ್ ಮುಟ್ಟಕೂಡದೆಂದು ಹೆಂಡತಿ ಶೀಲಾವತಿಯ ಆಜ್ಞೆ.

ಮೂವತ್ತು ವರ್ಷ ಲ್ಯಾಬಿನಲ್ಲಿ ನೀರು ಪರೀಕ್ಷಿಸಿ ನಿವೃತ್ತಳಾದ ಇವಳನ್ನು ಆ ದೇಶಗಳವರು ಸಲಹೆಗೆ ಕರೆದಿದ್ದಾರೆ. ಮೂರು ದೇಶ, ಮೂರು ಲ್ಯಾಬು, ಮೂರು ಥರದ ವರದಿ. ಎಲ್ಲರ ಪ್ರಕಾರವೂ ತಮ್ಮ ದಡ ಶುದ್ಧ, ಕೊಳಕೆಲ್ಲ ಪಕ್ಕದವರದು. ಥೇಟ್ ನಮ್ಮ ಬಿಲ್ಡಿಂಗಿನ ಸೊಸೈಟಿ ಮೀಟಿಂಗು! ಇವತ್ತೂ ಜಗಳವಾಗಿದ್ದರೆ ಸರೋವರ ಶುದ್ಧಿಯ ಒಪ್ಪಂದವೇ ಮುರಿಯುತ್ತಿತ್ತು.

ಆಗ ಇವಳು ತನ್ನಪ್ಪನ ಕಥೆ ತೆಗೆದಳು. ಅವರು ಮಾಟುಂಗದ ಹೋಟೆಲಿನಲ್ಲಿ ಮ್ಯಾನೇಜರ್. ಸಾಂಬಾರಿನ ಉಪ್ಪಿಗೆ ಅಡುಗೆಯವರು ಜಗಳವಾಡಿದರೆ ಒಂದೇ ಸೌಟಿನಿಂದ ಎಲ್ಲರ ಅಂಗೈಗೂ ಹಾಕಿ ರುಚಿ ನೋಡಿಸುತ್ತಿದ್ದರಂತೆ.

"ನೀವೂ ಒಂದೇ ಬಕೆಟ್ ನೀರನ್ನು ಮೂರು ಬಾಟಲಿಗೆ ತುಂಬಿ. ಮೂರು ಲ್ಯಾಬೂ ಅದನ್ನೇ ಪರೀಕ್ಷಿಸಲಿ. ಯಾರ ಅಳತೆ ತಪ್ಪೆಂದು ಮೊದಲು ತಿಳಿಯಲಿ, ಜಗಳ ಆಮೇಲೆ."

ನಾನು ಅಡುಗೆಮನೆಯ ಬಾಗಿಲಲ್ಲಿ ನಿಂತು ಇಣುಕುತ್ತಿದ್ದೆ. ಒಬ್ಬೊಬ್ಬರಾಗಿ ಮೂರೂ ದೇಶದವರು ಒಪ್ಪಿದರು! ಮುಂದಿನ ತಿಂಗಳು ಒಂದೇ ದೋಣಿಯಲ್ಲಿ ಹೋಗಿ ನೀರು ಮೊಗೆಯುತ್ತಾರಂತೆ.

ನಾನು ಇಪ್ಪತ್ತು ವರ್ಷದಿಂದ ಪತ್ರಿಕೆಯ ಅಂಕಣದಲ್ಲಿ ಲೋಕಕ್ಕೆ ಬುದ್ಧಿ ಹೇಳುತ್ತಿದ್ದೇನೆ. ಎದುರು ಫ್ಲ್ಯಾಟಿನವರೂ ಕೇಳಿದ್ದಿಲ್ಲ.

ಮೀಟಿಂಗ್ ಮುಗಿಸಿ ಇವಳು ನನ್ನತ್ತ ತಿರುಗಿದಳು. "ಕಣ್ಣಲ್ಲಿ ಎಂತದು ಮಾರಾಯ್ರೆ, ನೀರಾ?"

"ಈರುಳ್ಳಿ ಹೆಚ್ಚುತ್ತಿದ್ದೆ."

"ಮನೆಯಲ್ಲಿ ಈರುಳ್ಳಿ ಮುಗಿದು ಎರಡು ದಿನ ಆಯ್ತು. ಸ್ಯಾಂಪಲ್ ತೆಗೆಯಲಾ?"

ತೆಗೆದರೂ ಲ್ಯಾಬಿನಲ್ಲಿ ಸಿಗುವುದು ಬರೀ ಉಪ್ಪು. ಉಳಿದದ್ದನ್ನು ಈ ಡೈರಿಯಲ್ಲಾದರೂ ಬರೆದಿಡೋಣವೆಂದು ಕೂತರೆ ನನ್ನ ಪೆನ್ನಿನಲ್ಲೂ ಶಾಯಿ ಮುಗಿ—